ಸೊರಬಕ್ಕೆ ಕಳಿಸಿದ ಫೈಲು

ಹೋದ ಆಷಾಢದಲ್ಲಿ ಸೊರಬದ ಒಂದು ಬೀಜ-ಗೊಬ್ಬರದ ಅಂಗಡಿಗೆ ಕ್ಯಾಮೆರಾ ಕೂರಿಸಲು ಹೋಗಿದ್ದೆ. ಈಗ ನನ್ನ ಹೊಟ್ಟೆಪಾಡು ಅದೇ. ಏಣಿ ಹತ್ತುವುದು, ತಂತಿ ಎಳೆಯುವುದು, ಇಳಿದು ಸೊಂಟ ಹಿಡಿದುಕೊಂಡು ಕೂರುವುದು. ಕೆಲಸ ಮುಗಿದ ಮೇಲೆ ಅಂಗಡಿಯವರು, "ಹಂಗೇ ಇದೊಂದು ನೋಡ್ಬಿಡಿ ಸರ್, ಗುಜರಿಗೆ ಹಾಕಕ್ಕೆ ಮನಸ್ಸು ಬರ್ತಿಲ್ಲ" ಎಂದು ಅಟ್ಟದಿಂದ ಒಂದು ಹಳೆಯ ಕಂಪ್ಯೂಟರ್ ಇಳಿಸಿದರು. ಸ್ವಿಚ್ಚು ಒತ್ತಿದೆ. ಪರದೆಯ ಮೇಲೆ ಏನೂ ಬರಲಿಲ್ಲ. ಆದರೆ ಒಳಗಿನ ಫ್ಯಾನು ಗರಗರ ತಿರುಗಿ, ವರ್ಷಗಟ್ಟಲೆ ಕೂತಿದ್ದ ಧೂಳು ಬಿಸಿಯಾಗಿ, ಆ ವಾಸನೆ ಮೂಗಿಗೆ ಬಡಿಯಿತು. ಕಾದ ಧೂಳು, ಅದರ ಜೊತೆಗೆ ಮಳೆಗಾಲದ ಗೋಡೆಯ ಮುಗ್ಗಲು. ತಕ್ಷಣ ಆಫ್ ಮಾಡಿ, "ಇದು ಆಗಲ್ಲ ಬಿಡಿ" ಎಂದೆ. ನಿಜ ಹೇಳಬೇಕೆಂದರೆ ನಾನು ಅದನ್ನು ಸರಿಯಾಗಿ ನೋಡಿಯೇ ಇರಲಿಲ್ಲ. ಅಲ್ಲಿ ನಿಲ್ಲಲು ಆಗಲಿಲ್ಲ, ಅಷ್ಟೆ.

ಅದು ತೊಂಬತ್ತೆಂಟರ ಮಳೆಗಾಲದ ವಾಸನೆ. ನನಗಾಗ ಇಪ್ಪತ್ತಾರು ವರ್ಷ. ಶಿಕಾರಿಪುರದಲ್ಲಿ ರುದ್ರಪ್ಪನವರು ಎಂಬ ವ್ಯಾಪಾರಸ್ಥರು ತಮ್ಮ ಕಬ್ಬಿಣದ ಅಂಗಡಿಯ ಮಹಡಿಯ ಮೇಲೆ ಒಂದು ಕಂಪ್ಯೂಟರ್ ಸೆಂಟರ್ ತೆಗೆದಿದ್ದರು. ಅಜ್ಜನ ಕಾಲದಿಂದ ಗುದ್ದಲಿ, ಪಿಕಾಸಿ, ನೇಗಿಲ ಕುಳ ಮಾರಿದ ಮನೆತನ. ಕಂಪ್ಯೂಟರನ್ನೂ ಅವರು ಬೆರಳ ಗೆಣ್ಣಿನಿಂದ ತಟ್ಟಿ ಸದ್ದು ಕೇಳಿಯೇ ಕೊಳ್ಳುತ್ತಿದ್ದರು. ಆ ವರ್ಷ ಅವರಿಗೆ ದೊಡ್ಡ ಕೆಲಸವೊಂದು ಸಿಕ್ಕಿತ್ತು. ಶಿಕಾರಿಪುರ, ಸೊರಬ ಎರಡೂ ತಾಲೂಕಿನ ಒಂದಷ್ಟು ಹಳ್ಳಿಗಳ ಮನೆಮನೆಯ ಪಟ್ಟಿಯನ್ನು ಪಡಿತರ ಚೀಟಿಯ ಸಲುವಾಗಿ ಕನ್ನಡದಲ್ಲಿ ಕಂಪ್ಯೂಟರಿಗೆ ಏರಿಸಿ, ಅಚ್ಚು ಹಾಕಿ ಕೊಡಬೇಕಿತ್ತು. ಶಿಕಾರಿಪುರದ ಹಳ್ಳಿಗಳಿಗೆ ಈ ಮಹಡಿ. ಸೊರಬದ ಹಳ್ಳಿಗಳಿಗೆ ಸೊರಬದಲ್ಲೇ ಒಂದು ಬಾಡಿಗೆ ಕೋಣೆ, ಒಂದು ಕಂಪ್ಯೂಟರ್, ಒಬ್ಬ ಟೈಪಿಸ್ಟು. ಪ್ರೋಗ್ರಾಮ್ ಬರೆಯುವವನು ನಾನು.

ಹೆಸರು ಟೈಪ್ ಮಾಡಲು ಒಂದು, ತಿದ್ದಲು ಒಂದು, ಫ್ಲಾಪಿಗೆ ಇಳಿಸಲು ಒಂದು, ಹೀಗೆ ಮೂರು ಸಣ್ಣ ಪ್ರೋಗ್ರಾಮು ಬರೆದಿದ್ದೆ. ಮೂರಕ್ಕೂ ಕೆಲವು ವಿಷಯ ಗೊತ್ತಿರಬೇಕಿತ್ತು. ಕನ್ನಡದ ಅಕ್ಷರಗಳು ಎಲ್ಲಿವೆ, ಪಟ್ಟಿಯನ್ನು ಯಾವ ಫೋಲ್ಡರಿನಲ್ಲಿ ಇಡಬೇಕು, ಇಂಥವು. ಬೆಳಿಗ್ಗೆ ಯಂತ್ರ ಶುರುವಾಗುವಾಗ ಓದಿಕೊಳ್ಳುವ ಫೈಲೊಂದರಲ್ಲಿ ಇವನ್ನು ಒಂದೊಂದು ಸಾಲಾಗಿ ಬರೆದಿಡುತ್ತಿದ್ದೆವು. ಎನ್ವಿರಾನ್‌ಮೆಂಟ್ ವೇರಿಯಬಲ್ ಎಂದು ಅವುಗಳ ಹೆಸರು. ಆ ಸಾಲುಗಳನ್ನು ಓದುವ ಕೆಲಸವನ್ನು ಪ್ರತಿ ಪ್ರೋಗ್ರಾಮಿಗೂ ಬೇರೆಬೇರೆ ಬರೆಯುವ ಬದಲು ಎಲ್ಲಕ್ಕೂ ಸೇರಿ ಒಂದೇ ಡಿಎಲ್‌ಎಲ್ ಫೈಲು ಮಾಡಿದೆ. ದೊಡ್ಡ ಮನೆಯ ಅಡುಗೆಕೋಣೆಯಲ್ಲಿ ಯಾವ ಡಬ್ಬಿ ಎಲ್ಲಿದೆ ಎಂದು ಒಬ್ಬರಿಗೆ ಮಾತ್ರ ಗೊತ್ತಿರುತ್ತದಲ್ಲ, ಉಳಿದವರೆಲ್ಲ ಅವರನ್ನೇ ಕೇಳುತ್ತಾರಲ್ಲ, ಹಾಗೆ. ಸುತ್ತ ನಾಲ್ಕು ತಾಲೂಕಿನಲ್ಲಿ ಇದನ್ನು ಬರೆಯಬಲ್ಲವನು ನಾನೊಬ್ಬನೇ ಎಂಬ ಕೊಬ್ಬು ನನಗಿತ್ತು. ಸಲೂನಿನಲ್ಲಿ ಕೂತಾಗಲೂ ಅದರ ಬಗ್ಗೆ ಮಾತಾಡಿದ್ದೇನೆ. ಪಾಪ, ಕ್ಷೌರದವನು ತಲೆಯಾಡಿಸುತ್ತಿದ್ದ.

ಮೊದಲ ವಾರವೇ ಒಂದು ಪ್ರಸಂಗವಾಯಿತು. ಶಿಕಾರಿಪುರದಲ್ಲಿ ಟೈಪ್ ಮಾಡುತ್ತಿದ್ದ ಹುಡುಗಿಯೊಬ್ಬಳ ಪರದೆಯ ಮೇಲೆ ಇಂಗ್ಲಿಷಿನಲ್ಲಿ ಒಂದು ಎಚ್ಚರಿಕೆಯ ಪೆಟ್ಟಿಗೆ ಟಣ್ಣನೆ ಎದ್ದಿತು. ಅವಳು ಎದ್ದು ಪ್ಲಗ್ಗು ಕಿತ್ತಳು, ಯಂತ್ರ ಸುಟ್ಟೇಹೋಯಿತೆಂದು ಅತ್ತಳು, ಮರುದಿನ ಕೆಲಸಕ್ಕೆ ಬರಲೇ ಇಲ್ಲ. ರುದ್ರಪ್ಪನವರು ನನ್ನನ್ನು ಕೆಳಗೆ ಅಂಗಡಿಗೆ ಕರೆಸಿದರು.

"ನೋಡ್ರಿ ಕುಮಾರ್, ಇನ್ನ ಮುಂದ ಪರದೆ ಮ್ಯಾಲೆ ಯಾವ ಪೆಟ್ಟಿಗೇನೂ ಏಳಬಾರದು. ಹೆಣ್ಮಕ್ಳು ಹೆದರ್ತಾವೆ. ಏನಾದ್ರೂ ಆದ್ರೆ ಒಳಗೊಳಗೇ ಸಂಭಾಳಿಸ್ಕೊಂಡು ಹೋಗಂಗೆ ಬರೀರಿ."

ಹಾಗೇ ಬರೆದೆ. ಪಟ್ಟಿ ಇಡುವ ಜಾಗ ಸಿಗದಿದ್ದರೆ ಯಾರನ್ನೂ ಕೇಳಬೇಡ, ಟೆಂಪ್ ಎಂಬ ತಾತ್ಕಾಲಿಕ ಫೋಲ್ಡರಿನಲ್ಲಿ ಇಟ್ಟು ಮುಂದೆ ಹೋಗು ಎಂದು ಆ ಡಿಎಲ್‌ಎಲ್ ಫೈಲಿಗೆ ಕಲಿಸಿದೆ. ಟೆಂಪಿನಲ್ಲಿ ಕಸ ತುಂಬಿ ಯಂತ್ರ ನಿಧಾನವಾಗುತ್ತಿತ್ತು. ಅದಕ್ಕೆಂದು ಇದಕ್ಕೂ ಮೊದಲೇ, ದಿನಾ ಬೆಳಿಗ್ಗೆ ಯಂತ್ರ ಶುರುವಾದ ಕೂಡಲೇ ಟೆಂಪನ್ನು ಗುಡಿಸಿ ಖಾಲಿ ಮಾಡುವ ಸಾಲೊಂದನ್ನೂ ಎರಡೂ ಕಡೆ ಹಾಕಿದ್ದೆ. ಎರಡೂ ನನಗೆ ಒಳ್ಳೆಯ ಕೆಲಸವಾಗಿಯೇ ಕಂಡಿದ್ದವು.

ಸೊರಬದ ಕೋಣೆಯಲ್ಲಿ ಟೈಪ್ ಮಾಡುತ್ತಿದ್ದವರು ಸುಮಿತ್ರಕ್ಕ. ಕುಪ್ಪಗಡ್ಡೆಯವರು. ನನಗಿಂತ ಐದು ವರ್ಷ ದೊಡ್ಡವರು, ಆದರೂ ನನ್ನನ್ನು 'ಸರ್' ಎನ್ನುತ್ತಿದ್ದರು. ಬೇಡ ಎಂದರೂ ಬಿಡಲಿಲ್ಲ. ಕನ್ನಡ ಸೀನಿಯರ್ ಟೈಪಿಂಗ್ ಪಾಸಾಗಿದ್ದರು. ಮದುವೆಯಾಗಿರಲಿಲ್ಲ. ಅಣ್ಣ-ಅತ್ತಿಗೆಯ ಜೊತೆ ಇದ್ದು ದಿನಾ ಬೆಳಿಗ್ಗೆ ಬಸ್ಸಿನಲ್ಲಿ ಸೊರಬಕ್ಕೆ ಬಂದು ಕೋಣೆಯ ಬಾಗಿಲು ತೆಗೆಯುತ್ತಿದ್ದರು. ಪಟ್ಟಿ ಮುಗಿಸಿಕೊಟ್ಟರೆ ಸೊರಬದ ಕೋಣೆಯನ್ನು ಕಾಯಂ ಸೆಂಟರ್ ಮಾಡಿ ಅವರಿಗೇ ವಹಿಸುವುದಾಗಿ ರುದ್ರಪ್ಪನವರು ಮಾತು ಕೊಟ್ಟಿದ್ದರು. ಒಂದು ಸಲ ಯಂತ್ರ ನೋಡಲು ಹೋದಾಗ ಸುಮಿತ್ರಕ್ಕ ನನ್ನ ಹತ್ತಿರ ಹೇಳಿಕೊಂಡರು.

"ಕೆಲಸ ಕಾಯಂ ಆದ್ರೆ ಇಲ್ಲೇ ಪೇಟೇಲಿ ಒಂದು ರೂಮ್ ಮಾಡ್ತೀನಿ ಸರ್. ಮನೇಲಿ ಯಾರೂ ಏನೂ ಅನ್ನಲ್ಲ, ಹಂಗಂತ ಅಲ್ಲ. ಆದ್ರೂ ಊಟಕ್ಕೆ ಕೂತಾಗ ಎಷ್ಟು ಬಡಿಸ್ಕೊಂಡೆ ಅಂತ ನಾನೇ ನೋಡ್ಕೊಳ್ತೀನಿ ನೋಡ್ರಿ, ಅದು ಸಾಕಾಗಿದೆ ನಂಗೆ."

ಅವರ ಕೆಲಸದ ಅಚ್ಚುಕಟ್ಟು ನಾನು ಬೇರೆಲ್ಲೂ ಕಂಡಿಲ್ಲ. ಹಳ್ಳಿಯಿಂದ ಬಂದ ಕೈಬರಹದ ಹಾಳೆಗಳ ಕಟ್ಟು ಬಿಚ್ಚಿ, ಒಂದೊಂದೇ ಮನೆಯ ಹೆಸರು, ವಯಸ್ಸು, ಸಂಬಂಧ ಏರಿಸಿ, ಮುಗಿದ ಕಟ್ಟನ್ನು ಮತ್ತೆ ದಾರದಿಂದ ಬಿಗಿದು, ಮೇಲೆ ಪೆನ್ಸಿಲಿನಲ್ಲಿ ಗೀಟು ಎಳೆದು ಕಪಾಟಿಗೆ ಸೇರಿಸಿದರೆ ಆಯಿತು. ಮುಗಿದದ್ದನ್ನು ಮತ್ತೆ ತೆಗೆದು ನೋಡುವ ಅಭ್ಯಾಸ ಇರಲಿಲ್ಲ, ಅಗತ್ಯವೂ ಇರಲಿಲ್ಲ. ದಿನಕ್ಕೊಂದು ಹಳ್ಳಿ.

ಪುನರ್ವಸು ಮಳೆ ಹಿಡಿದು ಬಾರಿಸುತ್ತಿದ್ದ ದಿನಗಳು. ಶಿಕಾರಿಪುರದ ಯಂತ್ರದಲ್ಲಿ ಜಾಗ ಸಾಲದೆ ಇನ್ನೊಂದು ಹಾರ್ಡ್‌ಡಿಸ್ಕ್ ಹಾಕಿಸಿದೆವು. ಪಟ್ಟಿ ಇಡುವ ಜಾಗ ಬದಲಾಯಿತು. ನಾನು ಆ ಜಾಗಕ್ಕೆ ಹೊಸ ಹೆಸರಿಟ್ಟು, ಶುರುವಾಗುವಾಗ ಓದುವ ಫೈಲಿನಲ್ಲಿ ಹೊಸ ಸಾಲು ಬರೆದು, ಆ ಹೊಸ ಹೆಸರನ್ನೇ ಹುಡುಕುವಂತೆ ಡಿಎಲ್‌ಎಲ್ ಫೈಲನ್ನು ತಿದ್ದಿದೆ. ಕೆಲಸ ಚೆನ್ನಾಗಿ ಆಯಿತು. ಎರಡೂ ಕಡೆ ಒಂದೇ ಫೈಲು ಇರಬೇಕೆಂಬುದು ನನ್ನ ಶಿಸ್ತು. ಹಾಗಾಗಿ ಅದನ್ನು ಫ್ಲಾಪಿಗೆ ಹಾಕಿ, ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ, ಸೊರಬದ ಬಸ್ಸಿನ ಕಂಡಕ್ಟರ ಕೈಗೆ ಕೊಟ್ಟೆ. ಔಷಧ, ಬೀಗದ ಕೈ, ಹೊಲಿದ ರವಿಕೆ, ಜಾತಕ ಎಲ್ಲವೂ ಹಾಗೇ ಹೋಗುತ್ತಿದ್ದ ಕಾಲ. ಅಂಗಡಿಯ ಫೋನಿನಿಂದ ಸುಮಿತ್ರಕ್ಕನಿಗೆ, "ಹಳೇದರ ಮೇಲೆ ಇದನ್ನ ಕಾಪಿ ಮಾಡಿ, ಅಷ್ಟೇ ಸಾಕು" ಎಂದೆ.

ಅಷ್ಟೇ ಸಾಕಾಗಿರಲಿಲ್ಲ. ಆ ಹೊಸ ಸಾಲನ್ನು ಸೊರಬದ ಯಂತ್ರದಲ್ಲೂ ಬರೆಯಬೇಕಿತ್ತು. ಅದನ್ನು ಹೇಳಲು ಮರೆತೆ. ಅದೊಂದೇ ಸಾಲು.

ಫೈಲು ತಾನು ಕಲಿತದ್ದನ್ನು ಚಾಚೂ ತಪ್ಪದೆ ಮಾಡಿತು. ಹೊಸ ಹೆಸರಿನ ಜಾಗ ಸಿಗಲಿಲ್ಲ, ಯಾರಿಗೂ ಹೇಳಲಿಲ್ಲ, ಸುಮಿತ್ರಕ್ಕ ಟೈಪ್ ಮಾಡಿದ್ದನ್ನು ಟೆಂಪಿನಲ್ಲಿ ಇಟ್ಟಿತು. ಅವರು ಸಂಜೆ ಸೇವ್ ಮಾಡಿ, ಕಟ್ಟಿಗೆ ದಾರ ಕಟ್ಟಿ, ಕೊಡೆ ಬಿಚ್ಚಿಕೊಂಡು ಬಸ್ಸಿಗೆ ಓಡುತ್ತಿದ್ದರು. ಮರುದಿನ ಬೆಳಿಗ್ಗೆ ಯಂತ್ರ ಎದ್ದು ಟೆಂಪನ್ನು ಗುಡಿಸುತ್ತಿತ್ತು. ಆಮೇಲೆ ಅವರು ಮುಂದಿನ ಹಳ್ಳಿಗೆ ಕೈ ಹಾಕುತ್ತಿದ್ದರು. ಹೀಗೆ ಹದಿನಾರು ಹಳ್ಳಿ.

ಶ್ರಾವಣದ ಮೊದಲ ವಾರ ಪಟ್ಟಿ ಮುಗಿಯಿತೆಂದು ಸುಮಿತ್ರಕ್ಕ ಫೋನ್ ಮಾಡಿದರು. ದನಿಯಲ್ಲೇ ನಗು ಇತ್ತು. ಫ್ಲಾಪಿಗಳು ಬಸ್ಸಿನಲ್ಲಿ ಬಂದವು. ದೊಡ್ಡ ಪ್ರಿಂಟರ್ ಇದ್ದದ್ದು ಶಿಕಾರಿಪುರದಲ್ಲಿ. ತೆರೆದು ನೋಡಿದರೆ ಒಂದೇ ಒಂದು ಹಳ್ಳಿ ಇತ್ತು, ಕೊನೆಯದು. ಫ್ಲಾಪಿಗೆ ಇಳಿಸುವ ಪ್ರೋಗ್ರಾಮೂ ಅದೇ ಫೈಲನ್ನು ಕೇಳಿ, ಅವತ್ತು ಟೆಂಪಿನಲ್ಲಿದ್ದದ್ದನ್ನಷ್ಟೇ ಇಳಿಸಿತ್ತು. ರುದ್ರಪ್ಪನವರು ಅವತ್ತೇ ನನ್ನನ್ನು ಜೀಪಿನಲ್ಲಿ ಕೂರಿಸಿಕೊಂಡು ಶಿರಾಳಕೊಪ್ಪದ ಮೇಲೆ ಸೊರಬಕ್ಕೆ ಹೊರಟರು. ದಾರಿಯುದ್ದಕ್ಕೂ ಮಳೆ. ಜೀಪಿನ ವೈಪರ್ ಒಂದೇ ಕಡೆ ಕೆಲಸ ಮಾಡುತ್ತಿತ್ತು.

ಯಂತ್ರದ ಮುಂದೆ ಕೂತು ಹುಡುಕಿದೆ. ಫ್ಲಾಪಿ ಕಳಿಸುವ ಮೊದಲು ಟೈಪ್ ಮಾಡಿದ್ದ ಹಳ್ಳಿಗಳೆಲ್ಲ ಹಳೆಯ ಫೋಲ್ಡರಿನಲ್ಲಿ ಕ್ಷೇಮವಾಗಿದ್ದವು. ಅಲ್ಲಿಂದ ಈಚಿನವು ಇರಲಿಲ್ಲ.

"ಅರ್ಧ ಅದಾವಲ್ಲ?" ಎಂದರು ರುದ್ರಪ್ಪನವರು. "ಅಂದಮ್ಯಾಲೆ ಯಂತ್ರ ಸರಿ ಐತೆ. ಇನ್ನರ್ಧ ಇಲ್ಲ ಅಂದ್ರೆ ಇವರು ಸೇವ್ ಮಾಡಿಲ್ಲ. ಏನಮ್ಮಾ?"

"ಮಾಡಿದೀನಿ ಸರ್. ದಿನಾ ಮಾಡಿದೀನಿ," ಎಂದರು ಸುಮಿತ್ರಕ್ಕ.

"ಮಾಡಿದ್ರೆ ಎಲ್ಲಿಗೆ ಹೋತು? ಇಲಿ ತಿಂತಾ?"

ಸುಮಿತ್ರಕ್ಕ ನನ್ನತ್ತ ತಿರುಗಿದರು. "ನೀವು ನೋಡ್ರಿ ಸರ್. ನೀವೇ ಬರೆದಿದ್ದಲ್ವಾ, ನಿಮಗೆ ಗೊತ್ತಾಗುತ್ತೆ."

ನನಗೆ ಆಗಲೇ ಗೊತ್ತಾಗಿತ್ತು. ಶುರುವಾಗುವಾಗ ಓದುವ ಆ ಫೈಲನ್ನು ತೆರೆದಿದ್ದೆ. ನಾನು ಬರೆಸಬೇಕಿದ್ದ ಸಾಲು ಅಲ್ಲಿರಲಿಲ್ಲ. ಟೆಂಪನ್ನು ಗುಡಿಸುವ ಸಾಲು ಇತ್ತು. ಬಾಯಿ ತೆರೆದರೆ ಒಂದೇ ವಾಕ್ಯದ ಕೆಲಸ. ಆದರೆ ಹಿಂದೆ ರುದ್ರಪ್ಪನವರು ನಿಂತಿದ್ದರು, ನಾನೊಬ್ಬನೇ ಬರೆಯಬಲ್ಲೆ ಎಂದು ಊರೆಲ್ಲ ಹೇಳಿಕೊಂಡು ಬಂದಿದ್ದೆ, ಕೆಲಸ ಹೋದರೆ ಎಂಬ ಭಯವೂ ಇತ್ತು. "ಗೊತ್ತಾಗ್ತಿಲ್ಲ" ಎಂದೆ. ಆಮೇಲೆ ಆ ಫೈಲಿನಲ್ಲಿ ಬೇಕಾದ ಸಾಲನ್ನು ಸೇರಿಸಿ ಮುಚ್ಚಿದೆ. ಅವರಿಬ್ಬರ ಎದುರಿಗೇ ಮಾಡಿದೆ. ಏನು ಮಾಡುತ್ತಿದ್ದೇನೆಂದು ಓದಿ ತಿಳಿಯಲು ಆ ಕೋಣೆಯಲ್ಲಿ ಬೇರೆ ಯಾರಿಗೂ ಬರುತ್ತಿರಲಿಲ್ಲ. ಇಷ್ಟು ವರ್ಷ ಕಳೆದರೂ ಆ ಹೊತ್ತಿನ ನನ್ನ ಮೇಲೆ ನನಗೆ ಹೇಸಿಗೆಯಾಗುತ್ತದೆ.

ಸುಮಿತ್ರಕ್ಕ ಜಗಳವಾಡಲಿಲ್ಲ. ಬೀಗದ ಕೈಯನ್ನು ಮೇಜಿನ ಮೇಲಿಟ್ಟು, ಊಟದ ಡಬ್ಬಿಯನ್ನು ಚೀಲಕ್ಕೆ ಹಾಕಿಕೊಂಡು, ಬಾಗಿಲ ಹತ್ತಿರ ಒಂದು ಕ್ಷಣ ನಿಂತರು. "ಮರೆತಿರ್ತೀನೇನೋ ಸರ್," ಎಂದರು. "ಗೊತ್ತಿಲ್ಲ ನಂಗೆ." ಅಷ್ಟು ಹೇಳಿ ಮಳೆಗೆ ಇಳಿದರು.

ಆ ಹಳ್ಳಿಗಳನ್ನು ಮತ್ತೆ ಏರಿಸುವ ಹೊರೆ ನನ್ನ ಮೇಲೆಯೇ ಬಿತ್ತು. ಬೆಳಿಗ್ಗೆ ಶಿಕಾರಿಪುರದಲ್ಲಿ ಬಸ್ಸು ಹತ್ತುವುದು, ಶಿರಾಳಕೊಪ್ಪದಲ್ಲಿ ಬದಲಿಸುವುದು, ಒದ್ದೆ ಪ್ಯಾಂಟಿನಲ್ಲೇ ಕೂತು ಟೈಪ್ ಮಾಡುವುದು, ಸಂಜೆ ಅದೇ ದಾರಿ. ಆಶ್ಲೇಷ ಮಳೆ ಹೋಗಿ ಮಘೆ ಮಳೆ ಬಂತು. ದಿನಕ್ಕೆ ನಾಲ್ಕು ಸಲ ಕರೆಂಟು ಹೋಗುತ್ತಿತ್ತು. ಬಟ್ಟೆ ಒಣಗುತ್ತಿರಲಿಲ್ಲ, ಬೆನ್ನು ನೆಟ್ಟಗಾಗುತ್ತಿರಲಿಲ್ಲ. ಬಸ್ಸಿನಲ್ಲಿ ಕಣ್ಣು ಮುಚ್ಚಿದರೂ ಹೆಸರುಗಳೇ. ಯಜಮಾನ, ಹೆಂಡತಿ, ಮಗ, ಸೊಸೆ, ವಯಸ್ಸು, ಯಜಮಾನ, ಹೆಂಡತಿ. ನನ್ನ ಕೈಗೆ ಟೈಪಿಂಗಿನ ಓಟ ಇರಲಿಲ್ಲ. ಸುಮಿತ್ರಕ್ಕ ಒಂದು ದಿನಕ್ಕೆ ಮುಗಿಸಿದ್ದ ಹಳ್ಳಿ ನನಗೆ ಎರಡು ದಿನ ಹಿಡಿಯುತ್ತಿತ್ತು. ಪ್ರತಿ ಕಟ್ಟಿನ ಮೇಲೂ ಅವರ ಪೆನ್ಸಿಲ್ ಗೀಟು, ಪ್ರತಿ ಕಟ್ಟಿಗೂ ಅವರು ಬಿಗಿದ ಗಂಟು. ಬೆಳಿಗ್ಗೆ ಕೂತ ಕೂಡಲೇ ಮೊದಲು ಆ ಗಂಟು ಬಿಚ್ಚಬೇಕು. ಕತ್ತರಿಯಿಂದ ಕತ್ತರಿಸಬಹುದಿತ್ತು. ಯಾಕೋ ಕತ್ತರಿಸಲು ಕೈ ಬರುತ್ತಿರಲಿಲ್ಲ, ಉಗುರಿನಿಂದಲೇ ಬಿಡಿಸುತ್ತಿದ್ದೆ.

ಕೊನೆಗೆ ಉಳಿದ ಕಟ್ಟುಗಳಲ್ಲಿ ಕುಪ್ಪಗಡ್ಡೆಯೂ ಇತ್ತು. ಒಂದು ಮಧ್ಯಾಹ್ನ ಯಾವುದೋ ಮನೆಯ ಹಾಳೆ ನೋಡಿಕೊಂಡು ಯಾಂತ್ರಿಕವಾಗಿ ಹೊಡೆಯುತ್ತಿದ್ದೆ. ಯಜಮಾನ, ಹೆಂಡತಿ, ಇಬ್ಬರು ಮಕ್ಕಳು, ಕಡೆಗೆ 'ಸುಮಿತ್ರಾ, ತಂಗಿ, ಮೂವತ್ತೊಂದು'. ಅಷ್ಟನ್ನೂ ಹೊಡೆದ ಮೇಲೆ ಕೈ ನಿಂತಿತು. ತಮ್ಮ ಹೆಸರನ್ನು ಅವರೇ ಒಮ್ಮೆ ಇಲ್ಲಿ ಕೂತು ಟೈಪ್ ಮಾಡಿದ್ದಾರೆ. ಸೇವ್ ಮಾಡಿದ್ದಾರೆ. ಮರುದಿನ ಬೆಳಿಗ್ಗೆ ನಾನು ಬರೆದ ಸಾಲು ಅದನ್ನು ಗುಡಿಸಿ ಹಾಕಿದೆ. ಎದ್ದು ಹೋಗಿ ಬಾಗಿಲಲ್ಲಿ ನಿಂತೆ. ಅಳು ಬಂತು ಎಂದು ಹೇಳಲು ಈಗ ನಾಚಿಕೆಯಿಲ್ಲ.

ಪಟ್ಟಿ ಅಚ್ಚಾಗಿ ಹೋದ ದಿನ ರುದ್ರಪ್ಪನವರ ಮುಂದೆ ನಿಂತು ಎಲ್ಲ ಹೇಳಿದೆ. ಅವರು ಮೊಳೆ ತೂಗುತ್ತಿದ್ದವರು ತಕ್ಕಡಿ ಕೆಳಗಿಟ್ಟು ಕೇಳಿಸಿಕೊಂಡರು.

"ಅವತ್ತೇ ಹೇಳಬೇಕಿತ್ತು ನೀವು."

"ಹೌದು."

"ಈಗ ಹೇಳಿ ಏನ್ಮಾಡ್ತೀರಿ? ಸೊರಬಕ್ಕೆ ನಮ್ಮ ಬೀಗರ ಮಗಳನ್ನ ಕಾಯಂ ಮಾಡೀನಿ. ಅದನ್ನ ಈಗ ಹೋಗು ಅನ್ನಕ್ಕಾಗತ್ತಾ?" ಮತ್ತೆ ತಕ್ಕಡಿ ಎತ್ತಿಕೊಂಡು, "ಇನ್ನ ಮುಂದ ಪೆಟ್ಟಿಗೆ ಏಳಂಗೇ ಬರೀರಿ. ಹೆದರಿದ್ರೆ ಹೆದರ್ಲಿ," ಎಂದರು. ನನ್ನನ್ನು ಬಿಡಿಸಲಿಲ್ಲ. ಬಯ್ಯಲೂ ಇಲ್ಲ. ಬೈದಿದ್ದರೆ ಒಳ್ಳೆಯದಿತ್ತು.

ಗಣೇಶನ ಹಬ್ಬ ಕಳೆದ ಮೇಲೆ ಒಂದು ಭಾನುವಾರ ಕುಪ್ಪಗಡ್ಡೆಗೆ ಹೋದೆ. ಗದ್ದೆಯ ಭತ್ತ ಇನ್ನೇನು ತೆನೆ ಬಿಡಲು ಹೊಡೆಯಾಗುತ್ತಿದ್ದ ಹೊತ್ತು. ಮಳೆ ಬಿಡುತ್ತಿತ್ತು, ಮತ್ತೆ ಹನಿಯುತ್ತಿತ್ತು. ಮನೆ ಕೇಳಿಕೊಂಡು ಹೋದರೆ ಸುಮಿತ್ರಕ್ಕ ಜಗಲಿಯಲ್ಲಿ ಕೂತು ಯಾರದೋ ರವಿಕೆಗೆ ಹುಕ್ಕು ಹಾಕುತ್ತಿದ್ದರು. ನನ್ನನ್ನು ಕಂಡು ಎದ್ದರು. "ಬನ್ರಿ ಸರ್" ಎಂದರು, ಆದರೆ ಮುಖ ಗಟ್ಟಿಯಾಯಿತು. ನಾನು ಕೂರಲಿಲ್ಲ. ಕೂತರೆ ಹೇಳಲಾಗುವುದಿಲ್ಲ ಎನ್ನಿಸಿತು.

"ಸುಮಿತ್ರಕ್ಕ, ಪಟ್ಟಿ ಹೋಗಿದ್ದು ನಿಮ್ಮಿಂದ ಅಲ್ಲ. ನಾನು ಕಳಿಸಿದ ಫೈಲಿಂದ."

ಅವರಿಗೆ ಅರ್ಥವಾಗುವಂತೆ ಬಿಡಿಸಿ ಹೇಳಿದೆ. ಸಾಲು, ಫೋಲ್ಡರು, ಬೆಳಿಗ್ಗೆ ಗುಡಿಸುವುದು. ಅವರು ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟು ಕೇಳಿದರು.

"ಹಂಗಾದ್ರೆ ನಾನು ಸೇವ್ ಮಾಡಿದ್ದೆ?"

"ಮಾಡಿದ್ರಿ."

"ದಿನಾನೂ?"

"ದಿನಾನೂ."

"ನಿಮಗೆ ಯಾವತ್ತು ಗೊತ್ತಾಯ್ತು?"

"ಅವತ್ತೇ. ನೀವು ಅಲ್ಲೇ ನಿಂತಿದ್ರಿ."

ಸುಮಿತ್ರಕ್ಕ ತಮಗೆ ತಾವೇ ಹೇಳಿಕೊಳ್ಳುವಂತೆ ಶುರುಮಾಡಿದರು. "ಹಾಲು ಒಲೆ ಮೇಲಿಂದ ಇಳಿಸಿರ್ತೀನಿ. ಇಳಿಸಿದ್ನೋ ಇಲ್ವೋ ಅಂತ ಮತ್ತೆ ಹೋಗಿ ನೋಡ್ತೀನಿ. ಹಿತ್ತಲ ಬಾಗಿಲು ಹಾಕಿರ್ತೀನಿ, ಮತ್ತೆ ಎದ್ದು ಹೋಗ್ತೀನಿ. ನನ್ನ ಕೈ ಮೇಲೇ ನಂಗೆ ನಂಬಿಕೆ ಹೋಗಿಬಿಟ್ಟಿತ್ತು. ಇವಳಿಗೆ ಮರೆವು ಅಂತ ಮನೇಲೂ ಅಂದ್ರು, ಊರಲ್ಲೂ ಅಂದ್ರು. ಹೌದೇನೋ ಅಂತ ನಾನೂ ಅಂದ್ಕೊಂಡೆ."

"ಕೆಲಸ ವಾಪಸ್ ಕೊಡ್ಸಕ್ಕೆ ಆಗ್ತಿಲ್ಲ ಅಕ್ಕ. ಕೇಳ್ದೆ," ಎಂದೆ.

ಅವರು ಒಳಗಡೆ ತಿರುಗಿ ಕೂಗಿದರು. "ಅತ್ತಿಗೆ, ಸ್ವಲ್ಪ ಬನ್ರಿ ಇಲ್ಲಿ."

ಅತ್ತಿಗೆ ಕೈ ಒರೆಸಿಕೊಳ್ಳುತ್ತ ಬಂದರು. "ಹೇಳ್ರಿ ಸರ್," ಎಂದರು ಸುಮಿತ್ರಕ್ಕ. ನಾನು ಮೊದಲಿಂದ ಹೇಳಿದೆ. ಗದ್ದೆಯಿಂದ ಅಣ್ಣ ಬಂದರು, ಕಾಲಿನ ಕೆಸರು ಇನ್ನೂ ತೊಳೆದಿರಲಿಲ್ಲ. "ಅಣ್ಣಂಗೂ ಹೇಳ್ರಿ." ಅವರಿಗೂ ಹೇಳಿದೆ. ಸಾಲು, ಫೋಲ್ಡರು ಎಲ್ಲ ಬಿಟ್ಟು, ತಪ್ಪು ನನ್ನದು, ಇವರು ದಿನವೂ ಸರಿಯಾಗಿ ಮಾಡಿದ್ದರು, ನಾನು ಬಾಯಿ ಮುಚ್ಚಿಕೊಂಡಿದ್ದೆ ಎಂದಷ್ಟೇ ಹೇಳಿದೆ. ಅಣ್ಣ ನನ್ನನ್ನು ನೋಡಿದರು, ತಂಗಿಯನ್ನು ನೋಡಿದರು, ಕಂಬಕ್ಕೆ ಒರಗಿದರು. ಅಷ್ಟರಲ್ಲಿ ಪಕ್ಕದ ಮನೆಯ ಗೌರಮ್ಮಜ್ಜಿ, ಏನೋ ನಡೆಯುತ್ತಿದೆಯೆಂದು, ಮಳೆಗೆ ತಲೆಯ ಮೇಲೆ ಗೊರಬು ಹೊದ್ದುಕೊಂಡು ಅಂಗಳ ದಾಟಿ ಬಂದರು. ಅವರಿಗೆ ಕಿವಿ ಮಂದ.

"ಏನಂತೆ? ಯಾರ್ದು ತಪ್ಪಂತೆ?"

"ನಂದು ಅಜ್ಜಿ," ಎಂದೆ.

"ಆಂ?"

"ನಂದು! ತಪ್ಪು ನಂದು! ಸುಮಿತ್ರಕ್ಕನ ತಪ್ಪು ಏನೂ ಇಲ್ಲ!"

ಕೂಗಿದ ರಭಸಕ್ಕೆ ರಸ್ತೆಯಲ್ಲಿ ಕೊಡೆ ಹಿಡಿದು ಹೋಗುತ್ತಿದ್ದ ಇಬ್ಬರು ನಿಂತು ನೋಡಿದರು. ಎದುರು ಮನೆಯ ಜಗಲಿಗೂ ಯಾರೋ ಬಂದು ನಿಂತರು. ಅಜ್ಜಿ "ಹಂಗಾ" ಎಂದು ತಲೆಯಾಡಿಸಿ ಸುಮಿತ್ರಕ್ಕನ ಬೆನ್ನು ಸವರಿದರು. ನಾನು ಹೋಗಿಬಿಡಲು ಮೆಟ್ಟಿಲ ಹತ್ತಿರ ಬಂದೆ.

"ಇನ್ನೊಂದ್ಸಲ ಹೇಳ್ರಿ ಸರ್," ಎಂದರು ಸುಮಿತ್ರಕ್ಕ, ರಸ್ತೆಯಲ್ಲಿ ನಿಂತವರ ಕಡೆ ನೋಡುತ್ತ. "ಅಜ್ಜಿಗೆ ಸರಿಯಾಗಿ ಕೇಳಿಸ್ಲಿಲ್ಲ."

ಅಜ್ಜಿಗೆ ಕೇಳಿಸಿತ್ತು. ನಾನು ತಿರುಗಿ ನಿಂತು ಇನ್ನೊಂದು ಸಲ ಹೇಳಿದೆ.